ಕತ್ತರಿಗೆ ಸಿಕ್ಕ ಫ್ಯಾಂಟಮ್

ಬೇಸಿಗೆ ರಜೆಗೆ ಬಂದಿದ್ದ ಅಕ್ಕನ ಮಗ ಒಂದು ಮಧ್ಯಾಹ್ನ ಕೇಳಿದ: "ಮಾಮ, ಫ್ಯಾಂಟಮ್ ಕಥೆಗಳನ್ನು ಒಂದನೇ ನಂಬರಿನಿಂದ ಓದಬೇಕು. ಯಾವ ಪುಸ್ತಕ ತರಿಸಲಿ?" ಸುಲಭದ ಪ್ರಶ್ನೆ ಎಂದುಕೊಂಡು ಬಾಯಿ ತೆರೆದವನು ಹಾಗೆಯೇ ಮುಚ್ಚಿಕೊಂಡೆ. ಕಾಡಿನಲ್ಲಿ ನೆಲೆಸಿದ, ಮುಖವಾಡ ತೊಟ್ಟ ಈ ಕಾಮಿಕ್ಸ್ ನಾಯಕನ ಒಂದನೇ ನಂಬರು ಒಂದೇ ಅಲ್ಲ. ಆಸ್ಟ್ರೇಲಿಯಾದ ಒಂದನೇ ನಂಬರು 1948ರದು, ಸ್ವೀಡನ್ನಿನದು 1950ರದು, ಅಮೆರಿಕದ ಗೋಲ್ಡ್ ಕೀ ಕಂಪನಿಯದು 1962ರದು, ನಮ್ಮ ಇಂದ್ರಜಾಲ ಕಾಮಿಕ್ಸ್‌ನದು 1964ರದು. ಕಥೆ ಹುಟ್ಟಿದ್ದು ಇವುಗಳಲ್ಲಿ ಮೊದಲನೆಯದಕ್ಕಿಂತಲೂ ಹನ್ನೆರಡು ವರ್ಷ ಮೊದಲು, ಅದೂ ಪುಸ್ತಕವಾಗಿ ಅಲ್ಲ.

ಗೊಂದಲದ ಬೇರು ಇರುವುದೇ ಅಲ್ಲಿ. ನಾವು ಕೈಯಲ್ಲಿ ಹಿಡಿದು ಓದಿದ ಫ್ಯಾಂಟಮ್ ಪುಸ್ತಕಗಳಲ್ಲಿ ಹೆಚ್ಚಿನವು ಮೂಲವೇ ಅಲ್ಲ. ಮೂಲ ಇರುವುದು ದಿನಪತ್ರಿಕೆಯ ಪುಟದಲ್ಲಿ, ಅಂಗೈ ಅಗಲದ ಒಂದು ಚಿತ್ರಪಟ್ಟಿಯಲ್ಲಿ. ಆ ಪಟ್ಟಿಗಳನ್ನು ಪುಸ್ತಕವಾಗಿಸಲು ಯಾರೋ ಕತ್ತರಿ ಹಿಡಿದಿದ್ದಾರೆ. ಯಾರ ಕತ್ತರಿ, ಎಲ್ಲಿ ಕತ್ತರಿಸಿತು ಎಂಬುದು ಗೊತ್ತಾದರೆ ಉಳಿದ ಗೋಜಲು ತಾನಾಗಿ ಬಿಡಿಸಿಕೊಳ್ಳುತ್ತದೆ.

1936ರ ಫೆಬ್ರವರಿ 17, ಸೋಮವಾರ. ಅಮೆರಿಕದ ಪತ್ರಿಕೆಗಳಿಗೆ ಚಿತ್ರಕಥೆ ಒದಗಿಸುತ್ತಿದ್ದ ಕಿಂಗ್ ಫೀಚರ್ಸ್ ಸಂಸ್ಥೆಯ ಮೂಲಕ ಫ್ಯಾಂಟಮ್‌ನ ಮೊದಲ ಪಟ್ಟಿ ಅಚ್ಚಾಯಿತು. ಬರೆದವನು ಲೀ ಫಾಕ್, ಆಗ ಇನ್ನೂ ಇಪ್ಪತ್ತನಾಲ್ಕರ ಹುಡುಗ. ಜಾದೂಗಾರ ಮ್ಯಾಂಡ್ರೇಕ್‌ನ ಚಿತ್ರಕಥೆಯನ್ನು ಎರಡು ವರ್ಷ ಮೊದಲೇ, 1934ರಲ್ಲಿ, ಓಡಿಸಿ ಗೆದ್ದಿದ್ದ. ಚಿತ್ರ ಬರೆದವನು ರೇ ಮೂರ್. ಮೈಗಂಟಿದ ಉಡುಪು, ಕಣ್ಣಿಗೆ ಮುಖವಾಡ, ಗುಟ್ಟಾದ ಗುರುತು: ಇವೆಲ್ಲ ಇಲ್ಲಿ ಒಟ್ಟಿಗೆ ಬಂದಾಗ ಸೂಪರ್‌ಮ್ಯಾನ್ ಹುಟ್ಟಲು ಇನ್ನೂ ಎರಡು ವರ್ಷ ಬಾಕಿ ಇತ್ತು. ಹಾಗಾಗಿಯೇ ಸೂಪರ್‌ಹೀರೋ ವಂಶದ ಹಿರಿಯಣ್ಣ ಇವನೇ ಎಂದು ವಾದಿಸುವವರು ಬಹಳ. ಹಾರಲು ಬಾರದ, ಗುಂಡು ತಗುಲಿದರೆ ರಕ್ತ ಸುರಿಸುವ ಇವನು ಸೂಪರ್ ಹೇಗೆ ಎಂದು ಕೇಳುವವರೂ ಇದ್ದಾರೆ. ಅವನ ಬಲವೆಲ್ಲ ಇರುವುದು ಒಂದು ವದಂತಿಯಲ್ಲಿ. 1536ರಲ್ಲಿ ಕಡಲುಗಳ್ಳರ ಕೈಯಲ್ಲಿ ತಂದೆಯನ್ನು ಕಳೆದುಕೊಂಡವನೊಬ್ಬ ತಲೆಬುರುಡೆಯ ಮೇಲೆ ಆಣೆ ಮಾಡುತ್ತಾನೆ. ಅಪ್ಪ ಸತ್ತರೆ ಮಗ ಅದೇ ಉಡುಪು ತೊಡುತ್ತಾನೆ. ಕಾಡಿನ ಜನ ಮಾತ್ರ ಒಬ್ಬನೇ ನಾಲ್ಕು ನೂರು ವರ್ಷದಿಂದ ಬದುಕಿದ್ದಾನೆ ಎಂದು ನಂಬುತ್ತಾರೆ. ನಾವು ಓದುವುದು ಇಪ್ಪತ್ತೊಂದನೆಯವನ ಕಥೆ.

ಪತ್ರಿಕೆಯ ಪಟ್ಟಿಯ ಗುಣ ಎಂಥದ್ದು ಎಂಬುದಕ್ಕೆ ಮೊದಲ ಕಥೆಯಲ್ಲೇ ಒಂದು ಸಾಕ್ಷಿ ಇದೆ. ಫಾಕ್ ಮೊದಲು ಅಂದುಕೊಂಡದ್ದು, ಜಿಮ್ಮಿ ವೆಲ್ಸ್ ಎಂಬ ಶ್ರೀಮಂತ ಸೋಮಾರಿ ಯುವಕನೇ ರಾತ್ರಿ ಹೊತ್ತು ಫ್ಯಾಂಟಮ್ ಆಗುತ್ತಾನೆ ಎಂದು. ಓದುಗರಿಗೆ ಸುಳಿವನ್ನೂ ಬಿಟ್ಟುಕೊಟ್ಟ. ಕಥೆ ಓಡುತ್ತಿರುವಾಗಲೇ ಮನಸ್ಸು ಬದಲಾಯಿತು, ನಾಯಕ ಕಾಡಿಗೆ ಹೋದ, ವಂಶಾವಳಿ ಬಂತು. ಕಾದಂಬರಿಯಾಗಿದ್ದರೆ ಹಿಂದಿನ ಅಧ್ಯಾಯಗಳನ್ನು ತಿದ್ದಬಹುದಿತ್ತು. ಇಲ್ಲಿ ನಿನ್ನೆಯ ಪತ್ರಿಕೆ ಆಗಲೇ ಯಾರದೋ ಮನೆಯಲ್ಲಿ ಪೊಟ್ಟಣವಾಗಿರುತ್ತದೆ. ಜಿಮ್ಮಿ ವೆಲ್ಸ್ ಇವತ್ತಿಗೂ ಮೊದಲ ಕಥೆಯಲ್ಲಿ ಕೆಲಸವಿಲ್ಲದೆ ನಿಂತಿದ್ದಾನೆ.

ಈಗ ಪಟ್ಟಿಯನ್ನು ಸ್ವಲ್ಪ ಹತ್ತಿರದಿಂದ ನೋಡೋಣ. ಸೋಮವಾರದಿಂದ ಶನಿವಾರದವರೆಗೆ ದಿನಕ್ಕೊಂದು, ಕಪ್ಪುಬಿಳುಪಿನಲ್ಲಿ, ಮೂರು ಅಥವಾ ನಾಲ್ಕು ಚೌಕ. ಮೊದಲ ಚೌಕದ ಅರ್ಧ ಕೆಲಸ ನಿನ್ನೆ ಏನಾಯಿತು ಎಂದು ನೆನಪಿಸುವುದು. ಕೊನೆಯ ಚೌಕದ ಕೆಲಸ ನಾಳೆಯ ಪತ್ರಿಕೆ ಕೊಳ್ಳುವಂತೆ ಮಾಡುವುದು. ಫ್ಯಾಂಟಮ್ ಕಿಟಕಿಯ ಹೊರಗೆ ನಿಂತಿದ್ದಾನೆ, ಒಳಗೆ ಮೂವರು ಬಂದೂಕು ತುಂಬಿಸುತ್ತಿದ್ದಾರೆ ಎಂದುಕೊಳ್ಳಿ. ಮಂಗಳವಾರ ಅಷ್ಟಕ್ಕೇ ಮುಗಿಯುತ್ತದೆ. ಬುಧವಾರ ಮತ್ತೆ ಅದೇ ಕಿಟಕಿ, ಅದೇ ಮೂವರು, ಒಂದಿಷ್ಟು ಬೇರೆ ಕೋನದಿಂದ; ಆಮೇಲೆ ಗಾಜು ಒಡೆಯುತ್ತದೆ. ದಿನಕ್ಕೊಂದರಂತೆ ಓದುವವನಿಗೆ ಇದು ಹಿತ. ಎರಡನ್ನೂ ಒಂದೇ ಪುಟದಲ್ಲಿ ಮೇಲೆ ಕೆಳಗೆ ಅಂಟಿಸಿದರೆ, ಹೇಳಿದ್ದನ್ನೇ ಹೇಳುವ ಅಜ್ಜನ ಮಾತಿನಂತೆ ಕೇಳಿಸುತ್ತದೆ. ಹಾಗಾಗಿ ಪುಸ್ತಕ ಮಾಡುವವನ ಕತ್ತರಿ ಮೊದಲು ಹೋಗುವುದು ಬುಧವಾರದ ಮೊದಲ ಚೌಕಕ್ಕೆ. ಅದನ್ನು ತೆಗೆದರೆ ನಷ್ಟವೇನಿಲ್ಲ ಎಂದು ಅವನು ಅಂದುಕೊಳ್ಳುತ್ತಾನೆ. ಎಷ್ಟೋ ಸಲ ಅದು ನಿಜ ಕೂಡ. ಆದರೆ ರೇ ಮೂರ್‌ನ ನೆರಳು ತುಂಬಿದ ಚೌಕಗಳಲ್ಲಿ ಒಳ್ಳೊಳ್ಳೆಯವು ಈ "ನಿನ್ನೆಯ" ಚೌಕಗಳೇ ಎಂಬುದು ನನ್ನ ದೂರು.

ಇನ್ನು ಲೆಕ್ಕ. ಮೊದಲ ಕಥೆ 1936ರ ಫೆಬ್ರವರಿ 17ರಿಂದ ನವೆಂಬರ್ 7ರವರೆಗೆ ನಡೆಯಿತು: ಸರಿಯಾಗಿ 38 ವಾರ, ವಾರಕ್ಕೆ ಆರರಂತೆ 228 ಪಟ್ಟಿ. ಪುಟಕ್ಕೆ ಮೂರು ಪಟ್ಟಿ ಹಾಕಿದರೆ 76 ಪುಟ ಬೇಕು. ಒಂದು ಮಾಮೂಲಿ ಕಾಮಿಕ್ಸ್ ಸಂಚಿಕೆ ಇರುವುದು ಮೂವತ್ತರ ಆಸುಪಾಸು ಪುಟ. ಮಿಕ್ಕ ನಲವತ್ತು ಪುಟವನ್ನು ಏನು ಮಾಡುವುದು? ಒಂದೇ ಕಥೆಯನ್ನು ಎರಡು ಮೂರು ಸಂಚಿಕೆಗೆ ಹರಿಯಬೇಕು, ಇಲ್ಲವೇ ಕತ್ತರಿಸಬೇಕು. ಒಂದು ಸಂಚಿಕೆಯಲ್ಲಿ ಒಂದು ಪೂರ್ಣ ಕಥೆ ಎಂದು ಮುಖಪುಟದಲ್ಲಿ ಹಾಕಿದರೆ ಮಾರಾಟ ಚೆನ್ನಾಗಿರುತ್ತದೆ ಎಂಬುದು ಎಲ್ಲ ದೇಶದ ಪ್ರಕಾಶಕರಿಗೂ ಗೊತ್ತಿದ್ದ ಸತ್ಯ.

ಇದರ ಜೊತೆಗೆ ಇನ್ನೊಂದು ಎಳೆ ಇದೆ, ಹೊಸ ಓದುಗರು ಮುಗ್ಗರಿಸುವುದೇ ಅಲ್ಲಿ. 1939ರ ಮೇ 28ರಿಂದ ಭಾನುವಾರಕ್ಕೆ ಪ್ರತ್ಯೇಕವಾದ ಬಣ್ಣದ ಪುಟ ಶುರುವಾಯಿತು. ಅದು ವಾರದ ಕಥೆಯ ಮುಂದುವರಿಕೆಯಲ್ಲ, ಬೇರೆಯದೇ ಕಥೆ. ಶನಿವಾರದ ತನಕ ಫ್ಯಾಂಟಮ್ ಕಡಲಿನಲ್ಲಿ ಈಜುತ್ತಿದ್ದರೆ, ಭಾನುವಾರ ಕಾಡಿನಲ್ಲಿ ಇನ್ನಾರನ್ನೋ ಅಟ್ಟಿಸಿಕೊಂಡು ಹೋಗುತ್ತಿರಬಹುದು. ಅಂದರೆ ಆ ದಿನದಿಂದ ಫ್ಯಾಂಟಮ್‌ಗೆ ಎರಡು ಸಮಾನಾಂತರ ಇತಿಹಾಸಗಳು. ಅಭಿಮಾನಿಗಳು ಕಥೆಗಳ ಯಾದಿ ಮಾಡುವಾಗಲೂ ದಿನಪತ್ರಿಕೆಯ ಕಥೆಗಳಿಗೆ ಒಂದು ಕ್ರಮಸಂಖ್ಯೆ, ಭಾನುವಾರದ ಕಥೆಗಳಿಗೆ ಇನ್ನೊಂದು ಕೊಡುತ್ತಾರೆ. ಉಡುಪಿಗೆ ನೇರಳೆ ಬಣ್ಣ ಅಂಟಿಕೊಂಡದ್ದೂ ಈ ಭಾನುವಾರದ ಪುಟದಿಂದಲೇ. ಫಾಕ್‌ನ ಮನಸ್ಸಿನಲ್ಲಿದ್ದದ್ದು ಬೂದು ಬಣ್ಣ. ನಾಯಕನಿಗೆ "ಬೂದು ಭೂತ" ಎಂದೇ ಹೆಸರಿಡುವ ಯೋಚನೆಯೂ ಅವನಿಗಿತ್ತು. ಕಪ್ಪುಬಿಳುಪಿನಲ್ಲಿ ಇದನ್ನು ಯಾರೂ ಕೇಳಿರಲಿಲ್ಲ. ಬಣ್ಣದ ಪುಟ ಅಚ್ಚಾಗಿ ಬಂದಾಗ ನೇರಳೆಯಾಗಿತ್ತು. ಮೂಲ ಕಪ್ಪುಬಿಳುಪಾಗಿದ್ದರಿಂದ ಬೇರೆ ದೇಶದವರೂ ತಮಗೆ ತೋಚಿದ ಬಣ್ಣ ಬಳಿದರು: ಸ್ವೀಡನ್ನಿನ ಫ್ಯಾಂಟಮ್ ನೀಲಿ, ಇಟಲಿ ಮತ್ತು ಬ್ರೆಜಿಲ್‌ನವನು ಕೆಂಪು. ಕಾಡಿನಲ್ಲಿ ಕಣ್ಣಿಗೆ ಬೀಳದಂತೆ ಓಡಾಡುವವನಿಗೆ ಕೆಂಪು ಬಣ್ಣ ಹೇಗೆ ಹೊಂದುತ್ತದೆ ಎಂದು ಇಟಲಿಯವರನ್ನೇ ಕೇಳಬೇಕು.

ಪ್ರಕಾಶಕರಲ್ಲಿ ಮೂರು ಬಗೆ. ಪತ್ರಿಕೆಯ ಪಟ್ಟಿಗಳನ್ನೇ ಅಂಟಿಸಿ ಪುಸ್ತಕ ಮಾಡಿದವರು ಒಂದು ಬಗೆ. ಹಳೆಯ ಕಥೆಯನ್ನು ಇಟ್ಟುಕೊಂಡು ಚಿತ್ರವನ್ನು ಹೊಸದಾಗಿ ಬರೆಸಿದವರು ಇನ್ನೊಂದು. ಕಥೆಯನ್ನೂ ಚಿತ್ರವನ್ನೂ ತಾವೇ ಹೊಸದಾಗಿ ಮಾಡಿಸಿದವರು ಮೂರನೆಯವರು.

ಮೊದಲ ಬಗೆಗೆ ದೊಡ್ಡ ಉದಾಹರಣೆ ಆಸ್ಟ್ರೇಲಿಯಾದ ಫ್ರೂ. 1948ರ ಸೆಪ್ಟೆಂಬರ್‌ನಲ್ಲಿ ಶುರುವಾದ ಈ ಪತ್ರಿಕೆ ಇನ್ನೂ ಬರುತ್ತಿದೆ, ಸಂಚಿಕೆಗಳ ಸಂಖ್ಯೆ 1900 ದಾಟಿದೆ. ಹುಟ್ಟಿದ ದೇಶದಲ್ಲಿ ಫ್ಯಾಂಟಮ್ ಪದೇಪದೇ ಅಂಗಡಿ ಮುಚ್ಚಿದರೂ ಆಸ್ಟ್ರೇಲಿಯಾದಲ್ಲಿ ಮಾತ್ರ ಮನೆಮಗನಂತೆ ಉಳಿದ. ಅಲ್ಲಿಯೂ ಮೊದಲ ದಶಕಗಳಲ್ಲಿ ಕತ್ತರಿ ಚೆನ್ನಾಗಿಯೇ ಆಡಿತು. ಜಿಮ್ ಶೆಫರ್ಡ್ ಸಂಪಾದಕರಾದ ಮೇಲೆ ಹಳೆಯ ಕಥೆಗಳನ್ನು ಕಡಿತವಿಲ್ಲದೆ ಮರುಮುದ್ರಿಸುವ ಕೆಲಸ ನಡೆಯಿತು. ಅಂದರೆ ಫ್ರೂದಲ್ಲಿ ಒಂದೇ ಕಥೆ ಬೇರೆ ಬೇರೆ ನಂಬರಿನಲ್ಲಿ, ಬೇರೆ ಬೇರೆ ಉದ್ದದಲ್ಲಿ ಸಿಗುತ್ತದೆ. ಇಲ್ಲಿ ಸಂಚಿಕೆಯ ನಂಬರಿನಿಂದ ಕಥೆಯ ಕಾಲ ತಿಳಿಯುವುದೇ ಇಲ್ಲ.

ಎರಡನೆಯ ಬಗೆಗೆ ಅಮೆರಿಕಕ್ಕೆ ಹೋಗಬೇಕು. ಗೋಲ್ಡ್ ಕೀ 1962ರಲ್ಲಿ ಆರಂಭಿಸಿದಾಗ ಬಿಲ್ ಲಿಗ್ನಾಂಟೆ ಎಂಬ ಕಲಾವಿದ ಫಾಕ್‌ನ ಪತ್ರಿಕಾ ಕಥೆಗಳನ್ನು ಪುಸ್ತಕದ ಪುಟಕ್ಕೆ ಹೊಂದುವಂತೆ ಮರಳಿ ಬರೆದ. 17 ಸಂಚಿಕೆ ಬಂದವು. 1966ರಲ್ಲಿ ಕಿಂಗ್ ಫೀಚರ್ಸ್ ತಾನೇ ಕಾಮಿಕ್ಸ್ ತರುತ್ತೇನೆ ಎಂದು ಹೊರಟು 18ರಿಂದ ಮುಂದುವರಿಸಿ 28ಕ್ಕೆ ನಿಲ್ಲಿಸಿತು. 1969ರಲ್ಲಿ ಚಾರ್ಲ್‌ಟನ್ ಕಂಪನಿ 30ರಿಂದ ಎತ್ತಿಕೊಂಡು 1977ರಲ್ಲಿ 74ಕ್ಕೆ ಮುಗಿಸಿತು. 29 ಎಲ್ಲಿ? ಅದು ಅಚ್ಚಾಗಲೇ ಇಲ್ಲ. ಮೂರು ಕಂಪನಿ, ಒಂದೇ ಸಾಲಿನ ಸಂಖ್ಯೆ, ನಡುವೆ ಒಂದು ತೂತು. ಹುಡುಕಿ ಹುಡುಕಿ ಸುಸ್ತಾದ ಸಂಗ್ರಾಹಕರಿಗೆ ಇದನ್ನು ಮೊದಲೇ ಹೇಳಿದರೆ ಪುಣ್ಯ ಬರುತ್ತದೆ. ಆಮೇಲೆ 1988ರಲ್ಲಿ ಡಿ.ಸಿ., ತೊಂಬತ್ತರ ದಶಕದಲ್ಲಿ ಮಾರ್ವೆಲ್, ಈ ಶತಮಾನದಲ್ಲಿ ಮೂನ್‌ಸ್ಟೋನ್ ಮತ್ತು ಡೈನಮೈಟ್ ಕೈಹಾಕಿದವು. ಪ್ರತಿಯೊಬ್ಬರೂ ಮತ್ತೆ ಒಂದನೇ ನಂಬರಿನಿಂದಲೇ. ಯಾವುದೂ ಬಹಳ ಕಾಲ ನಿಲ್ಲಲಿಲ್ಲ.

ಮೂರನೆಯವರು ಸ್ವೀಡನ್ನಿನವರು, ನನಗೆ ಅತ್ಯಂತ ಕುತೂಹಲ ಹುಟ್ಟಿಸುವವರು. 1950ರಲ್ಲಿ ಶುರುವಾದ ಅವರ 'ಫಾಂಟೊಮೆನ್' ಪತ್ರಿಕೆಗೆ ಪತ್ರಿಕಾ ಪಟ್ಟಿಗಳು ಸಾಲಲಿಲ್ಲ. 1963ರಲ್ಲಿ ತಾವೇ ಕಥೆ ಮಾಡಿಸಲು ಆರಂಭಿಸಿದರು; ಬರುಬರುತ್ತ ಹಲವು ದೇಶಗಳ ಲೇಖಕರ, ಚಿತ್ರಕಾರರ ಒಂದು ತಂಡವೇ ಕಟ್ಟಿಕೊಂಡಿತು. ಇಪ್ಪತ್ತೊಂದನೆಯವನನ್ನು ಬಿಟ್ಟು ಅವನ ಮುತ್ತಜ್ಜಂದಿರ ಕಥೆಗಳನ್ನು ಬೇರೆ ಬೇರೆ ಶತಮಾನಗಳ ಇತಿಹಾಸದೊಳಗೆ ಹೆಣೆಯುವುದು ಇವರಿಗೆ ಪ್ರೀತಿಯ ಕೆಲಸ. ಈ ಕಥೆಗಳು ಇಂಗ್ಲಿಷಿಗೆ ಬಂದು ಫ್ರೂದಲ್ಲೂ ಅಚ್ಚಾಗುತ್ತವೆ. ಅಮೆರಿಕದಲ್ಲಿ ಹುಟ್ಟಿದ ನಾಯಕನ ಸ್ವೀಡಿಷ್ ಕಥೆಯನ್ನು ಆಸ್ಟ್ರೇಲಿಯಾದವರು ಓದುತ್ತಾರೆ. ಅದು ಫಾಕ್ ಬರೆದದ್ದೇ ಎಂದು ನಂಬಿಕೊಂಡವರೂ ಇರಬಹುದು.

ನಮ್ಮಲ್ಲಿಗೆ ಬರೋಣ. ಇಂದ್ರಜಾಲಕ್ಕೂ ಮೊದಲೇ ಇಂಗ್ಲಿಷ್ ವಾರಪತ್ರಿಕೆ 'ಇಲಸ್ಟ್ರೇಟೆಡ್ ವೀಕ್ಲಿ'ಯ ಓದುಗರಿಗೆ ಫ್ಯಾಂಟಮ್ ಪರಿಚಿತ. 1964ರ ಮಾರ್ಚ್‌ನಲ್ಲಿ ಟೈಮ್ಸ್ ಆಫ್ ಇಂಡಿಯಾದ ಬೆನೆಟ್ ಕೋಲ್ಮನ್ ಕಂಪನಿ ಇಂದ್ರಜಾಲ ಕಾಮಿಕ್ಸ್ ಹೊರತಂದಿತು. ಮೊದಲ ಸಂಚಿಕೆ ಫ್ಯಾಂಟಮ್‌ನ ಬೆಲ್ಟಿನ ಕಥೆ. ಆ ದಿನಗಳಲ್ಲಿ ಅಲ್ಲಿದ್ದವರು ಕಾರ್ಕಳದಲ್ಲಿ ಹುಟ್ಟಿದ ಅನಂತ ಪೈ. ಸೂಪರ್‌ಮ್ಯಾನ್ ತರಬೇಕು ಎಂದಿದ್ದ ಮೇಲಿನವರಿಗೆ, ನಮ್ಮ ಮಕ್ಕಳಿಗೆ ಕಾಡಿನ ಕಥೆಯೇ ಹಿಡಿಸುತ್ತದೆ, ಫ್ಯಾಂಟಮ್ ಇರಲಿ ಎಂದವರು ಅವರೇ ಎಂಬ ಮಾತಿದೆ. 1967ರಲ್ಲಿ ಅವರು ಅಲ್ಲಿಂದ ಹೊರಬಿದ್ದು ಅಮರ ಚಿತ್ರ ಕಥೆ ಕಟ್ಟಿದರು. (ನಂಬರುಗಳ ಮಾತು ಬಂದದ್ದರಿಂದ ಹೇಳುತ್ತೇನೆ: ಅಮರ ಚಿತ್ರ ಕಥೆಯ ಇಂಗ್ಲಿಷ್ ಸಾಲು ಹನ್ನೊಂದನೆಯ ಸಂಖ್ಯೆಯಿಂದ ಶುರುವಾಗುತ್ತದೆ. ಮೊದಲ ಹತ್ತು ಬಂದದ್ದು ಕನ್ನಡದಲ್ಲಿ, ಬೆಂಗಳೂರಿನ ಜಿ.ಕೆ. ಅನಂತರಾಮ್ ಅವರ ಉತ್ಸಾಹದಿಂದ.)

ಇಂದ್ರಜಾಲದ ಮೊದಲ 32 ಸಂಚಿಕೆಗಳೂ ಫ್ಯಾಂಟಮ್‌ನವೇ. ಆಮೇಲೆ ಮ್ಯಾಂಡ್ರೇಕ್, ಫ್ಲ್ಯಾಶ್ ಗಾರ್ಡನ್, ರಿಪ್ ಕರ್ಬಿ ಪಾಲು ಕೇಳಿದರು. 1976ರ ಕೊನೆಗೆ ಆಬಿದ್ ಸುರ್ತಿ ಸೃಷ್ಟಿಸಿದ ಬಹಾದ್ದೂರ್ ಬಂದ. ಹೀಗಾಗಿ ಇಂದ್ರಜಾಲದ ನಂಬರು ಫ್ಯಾಂಟಮ್‌ನ ನಂಬರಲ್ಲ. ಮುಷ್ಕರದ ಕಾರಣ 123 ಮತ್ತು 124ನೆಯ ಸಂಚಿಕೆಗಳು ಹೊರಬರಲೇ ಇಲ್ಲ. ಎಂಬತ್ತರ ದಶಕದಲ್ಲಿ ಸರಣಿ ಸಂಖ್ಯೆಯನ್ನೇ ಕೈಬಿಟ್ಟು, ಇಪ್ಪತ್ತನೆಯ ಸಂಪುಟದ ಇಷ್ಟನೆಯ ಸಂಚಿಕೆ ಎಂದು ಎಣಿಸತೊಡಗಿದರು. 1990ರಲ್ಲಿ ನಿಲ್ಲುವಾಗ ಒಟ್ಟು 803 ಸಂಚಿಕೆ. ಹಿಂದಿಯಲ್ಲಿ ಇವನು ವೇತಾಳ, ಬಂಗಾಳಿಯಲ್ಲಿ ಅರಣ್ಯದೇವ. ಕನ್ನಡ ಆವೃತ್ತಿಯೂ ಇತ್ತು, ನನ್ನಂಥವರು ಬೆಳೆದದ್ದು ಅದರ ಮೇಲೆಯೇ.

ಇಲ್ಲಿಯ ಕತ್ತರಿ ಚೌಕಗಳಿಗಷ್ಟೇ ಅಲ್ಲ, ಹೆಸರುಗಳಿಗೂ ತಾಗಿತು. ಫಾಕ್‌ನ ಕಾಡು ಮೊದಲು ಏಷ್ಯಾದಲ್ಲೆಲ್ಲೋ ಇತ್ತು, ಹೆಸರು ಬೆಂಗಾಲ. 1960ರ ದಶಕದ ಹೊತ್ತಿಗೆ ಅದು ಸದ್ದಿಲ್ಲದೆ ಆಫ್ರಿಕಾಕ್ಕೆ ಸರಿದು, ಡಾ. ಲುವಾಗಾ ಎಂಬ ಅಧ್ಯಕ್ಷನುಳ್ಳ ಸ್ವತಂತ್ರ ದೇಶವಾಯಿತು. ಬಂಗಾಳವಿರುವ ದೇಶದಲ್ಲಿ ಈ ಹೆಸರು ಇರುಸುಮುರುಸು. ಇಂದ್ರಜಾಲದಲ್ಲಿ ಅದು ಡೆಂಕಾಲಿ ಆಯಿತು. ಕಡಲುಗಳ್ಳರ ಪಂಗಡದ ಹೆಸರು ಸಿಂಗ್. ಅದನ್ನು ಸಿಂಗಾ ಎಂದು ತಿರುಗಿಸಿದರು. ರಾಮ ಎಂಬ ಖಳನನ್ನು ರಾಮಲು ಮಾಡಿದರು. ಸಂಪಾದಕರ ಕಷ್ಟ ಅರ್ಥವಾಗುತ್ತದೆ. ಹೆಸರಿನ ಜಾಡು ಹಿಡಿದು ಮೂಲವನ್ನು ಹುಡುಕುವವನು ಮಾತ್ರ ಡೆಂಕಾಲಿಯಲ್ಲೇ ದಾರಿ ತಪ್ಪುತ್ತಾನೆ.

ಇದಕ್ಕಿಂತ ದೊಡ್ಡ ಗೊಂದಲ ಅನುಕ್ರಮದ್ದು. ಪತ್ರಿಕೆಯಲ್ಲಿ ರೇ ಮೂರ್ ನಂತರ ವಿಲ್ಸನ್ ಮೆಕಾಯ್, 1961ರಲ್ಲಿ ಅವನು ತೀರಿಕೊಂಡ ಮೇಲೆ ಸೈ ಬ್ಯಾರಿ, ಹೀಗೆ ಚಿತ್ರ ಬರೆಯುವ ಕೈ ಬದಲಾಯಿತು. ಬ್ಯಾರಿ 1994ರವರೆಗೆ ಬರೆದ. ಕಥೆಯಲ್ಲಿ ಫ್ಯಾಂಟಮ್‌ಗೆ 1977ರಲ್ಲಿ ಪ್ರೇಯಸಿ ಡಯಾನಾ ಜೊತೆ ಮದುವೆಯಾಯಿತು, ಆಮೇಲೆ ಅವಳಿ ಮಕ್ಕಳಾದವು. ಇಂದ್ರಜಾಲಕ್ಕೆ ಈ ಕ್ರಮದ ಹಂಗಿರಲಿಲ್ಲ. ಒಂದು ಸಂಚಿಕೆಯಲ್ಲಿ ಮಕ್ಕಳೊಂದಿಗನಾಗಿದ್ದ ಫ್ಯಾಂಟಮ್ ಇನ್ನೊಂದರಲ್ಲಿ ಬ್ರಹ್ಮಚಾರಿ; ಒಂದರಲ್ಲಿ ಬ್ಯಾರಿಯ ಕಡೆದಿಟ್ಟ ಮೈಕಟ್ಟು, ಇನ್ನೊಂದರಲ್ಲಿ ಮೆಕಾಯ್‌ನ ಗೊಂಬೆಯಂಥ ಸರಳ ಗೆರೆ. ಮೆಕಾಯ್ ಚಿತ್ರ ಬಂದ ದಿನ ನಾವು ಹುಡುಗರು "ಇದು ಡೂಪ್ಲಿಕೇಟ್ ಫ್ಯಾಂಟಮ್" ಎಂದು ತೀರ್ಪು ಕೊಡುತ್ತಿದ್ದೆವು. ಹಳೆಯದು ಅದೇ ಎಂದು ಹೇಳುವವರು ಯಾರೂ ಇರಲಿಲ್ಲ.

ಹಾಗಾದರೆ ಕತ್ತರಿ ತಾಗದ ಫ್ಯಾಂಟಮ್ ಎಲ್ಲಿ ಸಿಗುತ್ತಾನೆ? ಅಮೆರಿಕದ ಹರ್ಮಿಸ್ ಪ್ರೆಸ್ 2010ರಿಂದ ದಿನಪತ್ರಿಕೆಯ ಪಟ್ಟಿಗಳನ್ನು 1936ರ ಮೊದಲ ದಿನದಿಂದ ಕ್ರಮವಾಗಿ, ಸಂಪುಟ ಸಂಪುಟವಾಗಿ ತರುತ್ತಿದೆ. ಭಾನುವಾರದ ಪುಟಗಳಿಗೆ ಬೇರೆ ಸಂಪುಟಮಾಲೆ. ಗೋಲ್ಡ್ ಕೀ, ಕಿಂಗ್, ಚಾರ್ಲ್‌ಟನ್ ಕಾಲದ ಕಾಮಿಕ್ಸ್‌ಗಳಿಗೆ ಮತ್ತೆ ಬೇರೆ. ಕೊಳ್ಳುವಾಗ ಮೊದಲು ನೋಡಬೇಕಾದದ್ದು ಇದನ್ನೇ: ಬೆನ್ನಿನ ಮೇಲೆ "ಸಂಪುಟ ಒಂದು" ಎಂದಿದ್ದರೆ ಅದು ಯಾವ ಸಾಲಿನ ಒಂದು? ದಿನದ್ದೋ, ಭಾನುವಾರದ್ದೋ, ಕಾಮಿಕ್ಸ್‌ನದ್ದೋ? ಹೆಸರು ಬಹುತೇಕ ಒಂದೇ ಥರ ಇರುವುದರಿಂದ ಅಂತರ್ಜಾಲದ ಅಂಗಡಿಯಲ್ಲಿ ಅವಸರದಿಂದ ಒತ್ತಿದವರು ಪೇಚಿಗೆ ಸಿಕ್ಕಿದ್ದನ್ನು ಕಂಡಿದ್ದೇನೆ. ಅವರಲ್ಲಿ ನಾನೂ ಒಬ್ಬ. ನಂಬಬೇಕಾದದ್ದು ಸಂಪುಟದ ಸಂಖ್ಯೆಯನ್ನಲ್ಲ, ಒಳಗಿನ ತಾರೀಕನ್ನು. ಯಾವ ದಿನದಿಂದ ಯಾವ ದಿನದವರೆಗಿನ ಪಟ್ಟಿಗಳಿವೆ ಎಂದು ಬರೆದಿರುವ ಪುಸ್ತಕ ಮೋಸ ಮಾಡುವುದಿಲ್ಲ.

ದಿನದ ಸಂಪುಟವನ್ನು ಓದುವ ಬಗೆಯೂ ಬೇರೆ. ನಾನು ಮೊದಲು ಒಂದೇ ಕೂತಲ್ಲಿ ಐವತ್ತು ಪುಟ ಓದಿ, ಆ ಪುನರಾವರ್ತನೆಗೆ ಬೇಸತ್ತು ಪಕ್ಕಕ್ಕಿಟ್ಟಿದ್ದೆ. ಆಮೇಲೆ ಬೆಳಗಿನ ಕಾಫಿಯ ಜೊತೆ ಒಂದು ವಾರದ ಪಟ್ಟಿ, ಅಂದರೆ ಆರು, ಎಂದು ನಿಯಮ ಹಾಕಿಕೊಂಡೆ. ಆಗ ನಿನ್ನೆಯನ್ನು ನೆನಪಿಸುವ ಚೌಕ ಏಕಿದೆ ಎಂಬುದು ತಿಳಿಯಿತು. ಫಾಕ್ 1999ರ ಮಾರ್ಚ್‌ನಲ್ಲಿ ತೀರಿಕೊಳ್ಳುವವರೆಗೂ, ಅರವತ್ತಮೂರು ವರ್ಷ, ಬರೆದ. ಅವನ ನಂತರ ಟೋನಿ ಡಿಪಾಲ್ ಬರೆಯುತ್ತ ಬಂದಿದ್ದಾರೆ, 2016ರಲ್ಲಿ ದಿನದ ಚಿತ್ರ ಮೈಕ್ ಮ್ಯಾನ್ಲಿ ಅವರ ಕೈಗೆ ಬಂತು. ಸಂಪುಟಗಳು ಪಟ್ಟಿಯನ್ನು ಹಿಂದಿನಿಂದ ಅಟ್ಟಿಸಿಕೊಂಡು ಬರುತ್ತಿವೆ, ಪಟ್ಟಿ ದಿನಕ್ಕೊಂದು ಹೆಜ್ಜೆ ಮುಂದೆ ಹೋಗುತ್ತದೆ.

ಕನ್ನಡದ ಇಂದ್ರಜಾಲಕ್ಕೆ ಹರ್ಮಿಸ್‌ನಂಥ ಸಂಪುಟಮಾಲೆ ಬಂದಿಲ್ಲ. ಇರುವುದು ಹಳೇ ಪುಸ್ತಕದಂಗಡಿಗಳಲ್ಲಿ, ಅಟ್ಟದ ಮೇಲಿನ ಟ್ರಂಕುಗಳಲ್ಲಿ, ಕೆಲವು ಸಂಗ್ರಾಹಕರ ಬೀರುಗಳಲ್ಲಿ. ನಾನು ಹುಡುಕುತ್ತಿರುವ ಒಂದು ಸಂಚಿಕೆ ಇದೆ. ನಮ್ಮೂರಿನ ಕ್ಷೌರದಂಗಡಿಯಲ್ಲಿ ಸರದಿ ಕಾಯುವವರಿಗೆಂದು ಇಟ್ಟಿದ್ದ ರಾಶಿಯಲ್ಲಿ ಓದಿದ್ದು. ಮುಖಪುಟ ಹರಿದಿತ್ತು, ಹಾಗಾಗಿ ಹೆಸರೂ ಗೊತ್ತಿಲ್ಲ, ನಂಬರೂ ಗೊತ್ತಿಲ್ಲ. ಫ್ಯಾಂಟಮ್‌ನನ್ನು ದೋಣಿಯೊಂದರ ತಳಕ್ಕೆ ಕಟ್ಟಿಹಾಕಿ ನೀರು ಏರುತ್ತಿರುವಲ್ಲಿಗೆ ಪುಸ್ತಕ ಮುಗಿದಿತ್ತು. ಕೊನೆಯ ಹಾಳೆಯನ್ನು ಯಾರೋ ಗಡ್ಡದ ನೊರೆ ಒರೆಸಲು ಬಳಸಿದ್ದರೋ ಏನೋ. ಹರ್ಮಿಸ್ ಸಂಪುಟಗಳಲ್ಲಿ ಆ ದೋಣಿ ಇನ್ನೂ ಸಿಕ್ಕಿಲ್ಲ. ಅದು ದಿನದ ಕಥೆಯೋ ಭಾನುವಾರದ್ದೋ ಎಂಬುದೂ ಗೊತ್ತಿಲ್ಲವಲ್ಲ.

ಅಕ್ಕನ ಮಗನಿಗೆ ದಿನದ ಪಟ್ಟಿಗಳ ಮೊದಲ ಸಂಪುಟವನ್ನು ಕೈಗಿಟ್ಟೆ. ಕನ್ನಡದ್ದೇ ಬೇಕು ಎಂದು ಹಟ ಹಿಡಿದಾಗ ಭಾನುವಾರ ಅವೆನ್ಯೂ ರಸ್ತೆಯ ಹಳೇ ಪುಸ್ತಕದಂಗಡಿಗಳಿಗೆ ಕರೆದುಕೊಂಡು ಹೋದೆ. ಗುಡ್ಡೆ ಕೆದಕಲು ಕೂತವನಿಗೆ ಒಂದೇ ಮಾತು ಹೇಳಿದೆ: ಬೆಲೆ ಆಮೇಲೆ ಕೇಳು, ಕೊನೆಯ ಹಾಳೆ ಇದೆಯೇ ಮೊದಲು ನೋಡು.